ಅಮೀನರು ನೆಟ್ಟ ಕಲ್ಲು

ಅಳವಂಡಿಯ ಗವಿಸಿದ್ದಪ್ಪ ಕೆಟ್ಟವನೇನಲ್ಲ, ಆದರೆ ಹಟ ಹಿಡಿದರೆ ಮುಗಿಯಿತು. ಹೊಲದ ಹಿಸೆಗಾಗಿ ಒಡಹುಟ್ಟಿದ ತಮ್ಮ ಕೊಟ್ರಬಸಪ್ಪನ ಮೇಲೆ ಕೊಪ್ಪಳದ ಅದಾಲತ್ತಿಗೆ ಹೋಗಿ ಗೆದ್ದು ಬಂದ. ತೀರ್ಪಿನ ಪ್ರಕಾರ ಅದಾಲತ್ತಿನ ಅಮೀನರು ಎರಡು ಹೊಲಗಳ ನಡುವೆ ಒಂದು ಸಣ್ಣ ಕಲ್ಲು ನೆಡಿಸಿದರು. ಅದರ ಬುಡಕ್ಕೆ ಉಳಿಯಿಂದ ಗುರುತು ಹೊಡೆಸಿ, ದೂರಕ್ಕೆ ಕಾಣಲೆಂದು ಸುಣ್ಣ ಬಳಿಸಿದರು. ಇದನ್ನು ಕಿತ್ತವರು ಅದಾಲತ್ತನ್ನೇ ಧಿಕ್ಕರಿಸಿದಂತೆ ಎಂದು ಹೇಳಿ ಹೋದರು.

ಶೀಗಿ ಹುಣ್ಣಿಮೆ ಬಂತು. ತಮ್ಮನ ಮುಖ ನೋಡಬಾರದೆಂದು ಗವಿಸಿದ್ದಪ್ಪ ಆ ಸಲ ಬೆಳೆಗೆ ನೈವೇದ್ಯದ ಚರಗ ಚೆಲ್ಲಲೂ ಹೊಲಕ್ಕೆ ಹೋಗಲಿಲ್ಲ. ಮರುದಿನ ನೋಡಿದರೆ ಕಲ್ಲು ಮಾಯ. ಅವನಿಗೆ ಬೇಕಾದದ್ದೂ ಅಷ್ಟೇ. ನೇರ ಅದಾಲತ್ತಿಗೆ ನಡೆದು, ಅದಾಲತ್ತಿನ ಹುಕುಮನ್ನು ತಮ್ಮ ಮುರಿದನೆಂದು ಅರ್ಜಿ ಹಾಕಿದ.

ಕಟಕಟೆಯಲ್ಲಿ ಕೊಟ್ರಬಸಪ್ಪ ತಲೆ ತಗ್ಗಿಸಿ, ತಾನೇ ಕಿತ್ತೆನೆಂದು ಒಪ್ಪಿಕೊಂಡ. ಸೆರೆಯ ಹುಕುಮಾಯಿತು. ಮೇಲಿನ ಅದಾಲತ್ತಿನಲ್ಲಿ ಈ ಹುಕುಮು ನಿಲ್ಲುವುದಿಲ್ಲ, ಅಪೀಲು ಹಾಕೋಣವೆಂದು ಅವನ ವಕೀಲ ವಿರುಪಣ್ಣ ಪರಿಪರಿಯಾಗಿ ಹೇಳಿದರೂ ಬೇಡವೆಂದು ಸೆರೆಗೆ ಹೋದ. ಕಳ್ಳನಿಗೆ ಅಪೀಲು ಎಲ್ಲಿಯದು ಎಂದು ಗವಿಸಿದ್ದಪ್ಪ ಊರೆಲ್ಲ ಆಡಿಕೊಂಡು ನಕ್ಕ.

ಎಳ್ಳಮಾವಾಸ್ಯೆಯ ಹೊತ್ತಿಗೆ ತಮ್ಮ ಬಿಡುಗಡೆಯಾಗಿದ್ದ. ತಾಯಿ ಅನ್ನಮ್ಮ ಹೇಳಿಕಳಿಸಿದಳೆಂದು ಗವಿಸಿದ್ದಪ್ಪ ತಮ್ಮನ ಹೊಲಕ್ಕೆ ಬಂದ. ಅಲ್ಲಿ ಬನ್ನಿಗಿಡದ ಕೆಳಗೆ ಪಾಂಡವರೆಂದು ಐದು ಕಲ್ಲು ಕೂಡಿಸಿ ಸುಣ್ಣ ಹಚ್ಚಿ ಪೂಜಿಸುವುದು ಅವರ ಮನೆಯ ಪದ್ಧತಿ. ಕಣ್ಣು ಮಂಜಾದ ತಾಯಿಗೆ ನೆರವಾಗಲೆಂದು ಕಲ್ಲುಗಳನ್ನು ತೊಳೆಯುತ್ತಿದ್ದಾಗ, ಐದನೆಯದರ ಬುಡದಲ್ಲಿ ಉಳಿಯ ಗುರುತು ಎದ್ದು ಕಂಡಿತು. ಅವನು ಆ ಕಲ್ಲನ್ನು ಎತ್ತಿ ಹಿಡಿದ.

"ಅವ್ವಾ, ಇದನ್ನ ಎಲ್ಲಿಂದ ತಂದಿ?"

"ಶೀಗಿ ಹುಣ್ಣಿವಿಗೆ ಬದುವಿನ ಮ್ಯಾಲ ಒಬ್ಬನ ನಿಂತಿದ್ದನಪ್ಪ. ಮಳಿಗೆ ಬುಡ ಸಡ್ಲಾಗಿತ್ತು. ಇಲ್ಲಿ ನಾಕ ಮಂದಿ ಅದಾರ, ಅವನ ಮೈಗೂ ಸುಣ್ಣ ಐತಿ, ಪಾಂಡವರಾಗಿನ ಒಬ್ಬಾವ ಅಗಲ್ಯಾನಂತ ತಂದು ಅಣ್ಣತಮ್ಮರ ಸಂಗಟ ಕೂಡಿಸೀನಿ."

ಬುತ್ತಿ ಹೊತ್ತು ಬಂದ ಕೊಟ್ರಬಸಪ್ಪನನ್ನು, ಅವ್ವನೇ ತಂದದ್ದೆಂದು ಗೊತ್ತಿದ್ದೂ ಯಾಕೆ ಹೇಳಲಿಲ್ಲವೆಂದು ಕೇಳಿದ. ತಮ್ಮ ಬುತ್ತಿ ಇಳಿಸಿ, ತಾಯಿಗೆ ಕೇಳದಂತೆ ಮೆಲ್ಲಗೆ ಅಂದ: "ಹೇಳಿದ್ರ ಅವ್ವನ್ನ ಅದಾಲತ್ತಿಗೆ ಎಳೀತಿದ್ದಿ. ಎಳೀತಿದ್ದಿಲ್ಲೇನಣ್ಣ?"

ಗವಿಸಿದ್ದಪ್ಪ ಎಳೆಯುತ್ತಿದ್ದ, ಖಂಡಿತ ಎಳೆಯುತ್ತಿದ್ದ. ಅದು ಅವನಿಗೇ ಗೊತ್ತಿತ್ತು.

ಮರುದಿನ ವಿರುಪಣ್ಣನ ಮನೆಗೆ ಓಡಿ, ಆ ಹುಕುಮು ರದ್ದು ಮಾಡಿಸಿರೆಂದು ಕಾಲು ಹಿಡಿದ. ಅಪೀಲಿನ ಮುದ್ದತ್ತು ಮುಗಿದಿದೆ, ಅವನು ಉಂಡ ಸೆರೆಯನ್ನು ಯಾವ ಅದಾಲತ್ತೂ ವಾಪಸು ಪಡೆಯುವುದಿಲ್ಲ ಎಂದು ವಕೀಲರು ಕಳಿಸಿಬಿಟ್ಟರು.

ಅವನು ತಿರುಗಿ ಬರುವಾಗ ಕೊಟ್ರಬಸಪ್ಪ ಬದುವಿನಲ್ಲಿ ಗುಣಿ ತೋಡಿ ಆ ಕಲ್ಲನ್ನು ಮತ್ತೆ ನೆಡುತ್ತಿದ್ದ. ಅವ್ವನ ಹತ್ತಿರವೇ ಇರಲಿ ಬಿಡೋ ಎಂದು ಅಣ್ಣ ಅಂಗಲಾಚಿದ.

"ಬ್ಯಾಡಣ್ಣ. ಅದಾಲತ್ತಿನ ಕಲ್ಲದು," ಎಂದು ಕೊಟ್ರಬಸಪ್ಪ ಬುಡಕ್ಕೆ ಮಣ್ಣು ತುಳಿದ.

ಮುಂದಿನ ವರ್ಷದ ಚರಗಕ್ಕೆ ಗವಿಸಿದ್ದಪ್ಪ ಎಲ್ಲರಿಗಿಂತ ಮೊದಲೇ ಹೋಗಿದ್ದ. ಅನ್ನಮ್ಮ ಬನ್ನಿಗಿಡದ ಕೆಳಗೆ ಕುಳಿತು ಕಲ್ಲುಗಳನ್ನು ಒಂದೊಂದೇ ತಡವಿದಳು. ನಾಲ್ಕೇ ಸಿಕ್ಕವು. ಇನ್ನೊಬ್ಬ ಎಲ್ಲಿಗೆ ಹೋದನೆಂದು ಅವಳು ಕೇಳಿದ್ದು ದೊಡ್ಡ ಮಗನನ್ನೇ.