ಸೇಫ್ಟಿ ಚಿತ್ರ ಬರೆಯಲು ಬಂದ ಜೆಕ್ ಮುದುಕ

ಅತಿಯಾಗಿ ಪ್ರಶ್ನೆ ಕೇಳುವವರನ್ನು ನಾನು ನಂಬುವವನಲ್ಲ. ಅದರಲ್ಲೂ ಈ ಮುದುಕ ದಿನಾ ಮಧ್ಯಾಹ್ನ ನಮ್ಮ ಸೇಫ್ಟಿ ಮ್ಯಾನೇಜರ್ ಜೊತೆ ಊಟಕ್ಕೆ ಕೂರುತ್ತಿದ್ದ.

ಎರಡು ಸಾವಿರದ ಹತ್ತರ ನಂತರದ ವರ್ಷಗಳು ಅವು. ಸೌದಿಯ ಥುಕ್ಬಾದಲ್ಲಿ ನನ್ನ ರೂಮು, ಕಟ್ಟಡ ಕಟ್ಟಿಸುವ ಕಂಪನಿಯೊಂದರ ಆಫೀಸಿನಲ್ಲಿ ಕೆಲಸ. ಕಾರ್ಮಿಕರಿಗೆ ತೋರಿಸಲು ಸುರಕ್ಷತೆಯ ಚಿತ್ರವೊಂದು ಬೇಕೆಂದು ಕಂಪನಿ ಜೆಕ್ ದೇಶದ ಚಿತ್ರಕಥೆಗಾರನನ್ನು ಕರೆಸಿತು. ತನ್ನ ದೇಶದಲ್ಲಿ ಸಿನಿಮಾ, ಟಿವಿ ಧಾರಾವಾಹಿ ಬರೆದು ಹೆಸರು ಮಾಡಿದವನಂತೆ. ಈಗ ಅಲ್ಲಿ ಯಾರೂ ಕರೆಯುವುದಿಲ್ಲ, ಸಿಕ್ಕಿದ ಕೆಲಸಕ್ಕೆ ಬಂದೆ ಎಂದ. ಅದನ್ನೂ ನಾನು ನಂಬಲಿಲ್ಲ. ನಮ್ಮವರ ಮಾತನ್ನು ಅವನಿಗೆ ಇಂಗ್ಲಿಷಿನಲ್ಲಿ ಹೇಳುವ ಕೆಲಸ ನನ್ನ ಕೊರಳಿಗೆ ಬಿತ್ತು.

ಸೈಟಿನಲ್ಲಿ ಉಳ್ಳಾಲದ ಗೆಳೆಯನೊಬ್ಬನಿದ್ದ, ಎತ್ತರದಲ್ಲಿ ಪೈಪು ಜೋಡಿಸಿ ಅಟ್ಟಳಿಗೆ ಕಟ್ಟುವವ. ಮುದುಕ ಕೇಳಿದ್ದೇ ತಡ, ಬಾಯಿಬಿಟ್ಟ.

"ಸೇಫ್ಟಿ ಬೆಲ್ಟು ಕೊಡುದು ದೊಡ್ಡವರು ನೋಡ್ಲಿಕ್ಕೆ ಬರುವ ದಿನ ಮಾತ್ರ ಮಾರಾಯ್ರೆ. ಅವರು ಹೋದ ಕೂಡ್ಲೆ ವಾಪಸ್ ಸ್ಟೋರಿಗೆ."

ಅದನ್ನು ಇಂಗ್ಲಿಷಿನಲ್ಲಿ ಹೇಳಿ ಮುಗಿಸಿದ ಮೇಲೆ ನನಗೆ ಭಯ ಹತ್ತಿತು. ಮ್ಯಾನೇಜರ್ ಕಿವಿಗೆ ಇದು ಬಿದ್ದರೆ ವೀಸಾ ರದ್ದು ಮಾಡಿ, ಎಕ್ಸಿಟ್ ಹೊಡೆದು ಗೆಳೆಯನನ್ನು ಊರಿಗೆ ಕಳಿಸುತ್ತಾರೆ. ಮನೆಯಲ್ಲಿ ದುಡಿಯುವವ ಅವನೊಬ್ಬನೇ.

ಅಂದಿನಿಂದ ಮುದುಕನ ಬೆನ್ನು ಬಿಡಲಿಲ್ಲ. ಊಟದಲ್ಲಿ ಮ್ಯಾನೇಜರ್ ಜೊತೆ ಏನು ಮಾತಾಡಿದಿರಿ ಎಂದು ಕೇಳಿದರೆ "ಸೆಕೆಯ ಬಗ್ಗೆ" ಎನ್ನುತ್ತಿದ್ದ. ದಿನಾ ಸೆಕೆಯ ಬಗ್ಗೆಯೇ ಮಾತಾಡಲು ಇಬ್ಬರಿಗೂ ತಲೆ ಕೆಟ್ಟಿದೆಯೇ?

ಸ್ಕ್ರಿಪ್ಟ್ ಓದುವ ದಿನ ಬಂತು. ಬೆಲ್ಟಿನ ಮಾತು ಅದರಲ್ಲಿತ್ತು, ಮುದಿ ಮೇಸ್ತ್ರಿಯೊಬ್ಬನ ಬಾಯಲ್ಲಿ. ನಾನು ಕೇಳಿಯೇ ಇರದ ಇನ್ನೊಂದೂ ಇತ್ತು: ಬೆಲ್ಟು ಕೊಟ್ಟರೂ ಅದರ ಕೊಕ್ಕೆ ಸಿಕ್ಕಿಸಲು ಮೇಲೆ ಹಗ್ಗವೇ ಇರುವುದಿಲ್ಲ. ಗೆಳೆಯನ ಕತೆ ಮುಗಿಯಿತು ಎಂದುಕೊಂಡೆ. ಆದರೆ ಅಷ್ಟರಲ್ಲಿ ಇನ್ನೊಂದು ದೃಶ್ಯ ಬಂತು. ಅದರಲ್ಲಿ ಕಂಪನಿಯ ಮ್ಯಾನೇಜರ್ ಆಫೀಸಿನಲ್ಲೇ ಬಾಟಲಿ ಬಿಚ್ಚಿ ಕುಡಿಯುತ್ತಾನೆ. ಸೌದಿಯಲ್ಲಿ! ನಮ್ಮ ಮ್ಯಾನೇಜರ್ ಕೆಂಪಾಗಿ ಎದ್ದು ನಿಂತ. ಮುದುಕ ಬಿಟ್ಟುಕೊಡದೆ ವಾದಿಸಿದ, ಕಲೆ ಗಿಲೆ ಎಂದ, ಕೊನೆಗೆ ಜೋಲು ಮುಖ ಹಾಕಿ ಆ ದೃಶ್ಯ ತೆಗೆದ. ಗೆದ್ದ ಖುಷಿಯಲ್ಲಿ ಮ್ಯಾನೇಜರ್ ಉಳಿದದ್ದಕ್ಕೆಲ್ಲ ಒಪ್ಪಿಗೆ ಕೊಟ್ಟ.

ಹೊರಗೆ ಬಂದ ಮುದುಕ ಸಿಗರೇಟು ಹಚ್ಚಿದ. ಆ ದೃಶ್ಯ ಬರೆದದ್ದೇ ಕತ್ತರಿಸಲಿಕ್ಕಂತೆ. ಅವನ ದೇಶದಲ್ಲಿ ಸರ್ಕಾರ ಸಾಲು ಸಾಲನ್ನೂ ಸೋಸುತ್ತಿದ್ದ ಕಾಲವೊಂದಿತ್ತು. ಅಧಿಕಾರಿಗೆ ಕತ್ತರಿಸಲು ಏನಾದರೂ ಕೊಡದಿದ್ದರೆ ಅವನು ಬರೆದವನಿಗೆ ಬೇಕಾದದ್ದನ್ನೇ ಕತ್ತರಿಸುತ್ತಿದ್ದ. ವೃತ್ತಿಯಲ್ಲಿ ತಾನು ಮೊದಲು ಕಲಿತದ್ದೇ ಇದು ಎಂದ.

"ನನಗಾದರೂ ಮೊದಲೇ ಹೇಳಬಾರದಿತ್ತೇ?" ಎಂದೆ.

"ನೀನು ಆಫೀಸಿನವನು. ಊಟದಲ್ಲಿ ಏನು ಮಾತಾಡಿದೆ ಅಂತ ದಿನಾ ವಿಚಾರಿಸುತ್ತಿದ್ದೆ" ಎಂದ ಅವನು.

ನನಗೆ ಮೈಯೆಲ್ಲ ಉರಿಯಿತು. ಯಾರ ತಲೆ ಉಳಿಸಲು ಇಷ್ಟು ಒದ್ದಾಡಿದೆನೋ ಆ ಗೆಳೆಯನ ರೂಮಿಗೇ ನೇರ ಹೋಗಿ ಎಲ್ಲ ಕಕ್ಕಿದೆ. ನನ್ನನ್ನೇ ಚಾಡಿಕೋರ ಅಂದುಕೊಂಡನಲ್ಲ, ಎಂತ ಜನ ಇವರು!

"ಅದಿರಲಿ, ಆ ಹಗ್ಗದ ವಿಷಯ ಅವನಿಗೆ ಯಾರು ಹೇಳಿದ್ದು ಮಾರಾಯ?" ಎಂದೆ.

ಗೆಳೆಯ ನನ್ನ ಮುಖ ನೋಡಲಿಲ್ಲ.

"ನಾನೇ. ನೀವು ಆಚೆ ಹೋದಾಗ, ನನಗೆ ಬರುವ ಇಂಗ್ಲಿಷಲ್ಲಿ. ಬೆಲ್ಟಿನದ್ದು ನಿಮ್ಮೆದುರು ಬಾಯಿ ತಪ್ಪಿ ಬಂದದ್ದು ಮಾರಾಯ್ರೆ. ನೀವು ಎಲ್ಲಿ ಆಫೀಸಲ್ಲಿ ಹೇಳ್ತೀರೋ ಅಂತ ಮತ್ತೆ ನನಗೆ ಸರಿ ನಿದ್ದೆಯೇ ಬರ್ಲಿಲ್ಲ."