ಯಾರದೋ ನೋವು

ಆ ಗಾಜಿನ ಕಾರ್ಖಾನೆಯಲ್ಲಿ ಆಕೆ ಎಲ್ಲರಿಗೂ ಅಕ್ಕನೇ. ತಲೆ ಪೂರಾ ನರೆತಿದ್ದ ಕತ್ತರಿ ಮಾವನೂ ಹಾಗೆಯೇ ಕರೆಯುತ್ತಿದ್ದನು. ನಿಜವಾಗಿ ಆಕೆ ಅಕ್ಕನಾಗಿದ್ದುದು ಒಬ್ಬನಿಗೆ ಮಾತ್ರ. ತಾಯಿ ಕಣ್ಮುಚ್ಚಿದಾಗ ಇನ್ನೂ ತೊದಲುತ್ತಿದ್ದ ತಮ್ಮನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿ, ಮೀಸೆ ಮೂಡಿದ ಮೇಲೆ ತನ್ನ ಕುಲುಮೆಯ ಬಳಿಗೇ ಕರೆತಂದಿದ್ದಳು. ಆಕೆ ಕುಲುಮೆಯೊಳಗಿನ ಕರಗಿದ ಗಾಜನ್ನು ಊದುಗೊಳವೆಯ ತುದಿಗೆ ಸುತ್ತಿ ತಂದು ಮಣೆಯ ಮೇಲೆ ಹೊರಳಿಸುತ್ತಿರುವಳು. ತಮ್ಮನು ಮತ್ತೊಂದು ತುದಿಗೆ ಬಾಯಿಟ್ಟು ಊದುವನು. ಮಾವನು ನೀರಲ್ಲಿ ನೆನೆದ ಮರದ ಸೌಟಿನಿಂದ ರೂಪು ತಿದ್ದಿ ಕಡೆಗೆ ಕತ್ತರಿಯಾಡಿಸುವನು. ಕಾದ ಗಾಜು ಯಾರ ಮುಲಾಜಿಗೂ ನಿಲ್ಲದು. ಹೊರಳಿಸುವ ಕೈ ಕ್ಷಣಮಾತ್ರ ತಡೆದರೂ ಜೋತುಬೀಳುವುದು.

ಯಜಮಾನನು ಕೂಡುಪಟ್ಟಿಗಳನ್ನು ತರಿಸಿದ್ದು ಇದಕ್ಕಾಗಿಯೇ. ಹಣೆಗೆ ಕಟ್ಟಿಕೊಂಡರೆ ಸಾಕು, ಮೂರು ಮನಸ್ಸುಗಳು ಒಂದೇ ಮನಸ್ಸಾಗಿ ಹರಿಯುವುವು. ಊದು, ನಿಲ್ಲಿಸು, ತಿರುಗಿಸು ಎಂದು ಕೂಗಾಡುವ ಹಂಗಿಲ್ಲ. ಒಬ್ಬನು ನೆನೆದುದನ್ನು ಇನ್ನೊಬ್ಬನ ಕೈ ಅದಾಗಲೇ ಮಾಡಿ ಮುಗಿಸಿರುವುದು. ಅಕ್ಕನಿಗೆ ಮೊದಮೊದಲು ಅದು ದೇವರೇ ಇಳಿದು ಬಂದು ಕೊಟ್ಟ ವರವೆನಿಸಿತು. ಪರರ ನೋವನ್ನು ತನ್ನದೆಂದು ಅರಿಯುವ ಪದವಿಗಾಗಿ ಪುಣ್ಯಾತ್ಮರು ಜನ್ಮವಿಡೀ ತಪಿಸುತ್ತಾರೆ. ಇಲ್ಲಿ ಅದು ಕೆಲಸದ ಸಲಕರಣೆಯಾಗಿ ಗೂಟಕ್ಕೆ ನೇತುಬಿದ್ದಿತ್ತು.

ತೊಡಕಾದದ್ದೂ ಅದರಿಂದಲೇ. ಒಂದು ದಿನ ಮಾವನ ಹೆಬ್ಬೆರಳು ಸುಟ್ಟಿತು. ಮೂವರೂ ಒಟ್ಟಿಗೆ ಚೀರಿ ಕೈಬಿಟ್ಟರು. ಮುಗಿಯುತ್ತ ಬಂದಿದ್ದ ಹೂದಾನಿ ನೆಲದ ಪಾಲಾಯಿತು.

"ಸುಟ್ಟಿದ್ದು ಒಬ್ಬರ ಬೆರಳು, ಕುಣಿದಿದ್ದು ಮೂರು ಜನ! ನಾನೇನು ನಾಟಕದ ಕಂಪನಿ ಇಟ್ಟಿದ್ದೀನಾ?" ಎಂದು ಯಜಮಾನನು ಹರಿಹಾಯ್ದನು.

"ನೀವೂ ಒಂದು ಪಟ್ಟಿ ಕಟ್ಕೊಂಡು ನೋಡಿ ಯಜಮಾನ್ರೇ. ಆಗ ನಾಲ್ಕು ಜನ ಆಗ್ತೀವಿ," ಎಂದನು ತಮ್ಮ.

"ನಾಲಿಗೆ ಬಿಗಿ ಹಿಡಿ. ಇನ್ನೊಂದು ಒಡೆದ್ರೆ ಮೂವರೂ ಹೊರಗೆ."

ಅಂದು ಸಂಜೆ ಮಾವನು ಉಪಾಯ ಹೇಳಿಕೊಟ್ಟನು. "ನೋವು ಬಂತು ಅಂದ್ಕೋ. ಯಾರದೋ ಅಂತ ಬದಿಗೆ ತಳ್ಳು, ಕೈ ನಿಲ್ಲಿಸಬೇಡ. ನಿನ್ನದೇ ಆಗಿದ್ರೆ ಎಲ್ಲಿಗೆ ಹೋಗುತ್ತೆ? ಕೆಲಸ ಮುಗಿದ ಮೇಲೂ ಅಲ್ಲೇ ಇರುತ್ತೆ."

ಮೂವರೂ ಅದನ್ನು ಜಪದಂತೆ ಸಾಧಿಸಿದರು. ಮಾವನ ಭುಜ, ಅಕ್ಕನ ಮಂಡಿ, ತಮ್ಮನ ಹುಳುಕು ಹಲ್ಲು, ಎಲ್ಲವೂ ವಿಳಾಸ ತಪ್ಪಿದ ಅತಿಥಿಗಳಂತೆ ಬಂದು, ಮಾತಾಡಿಸುವವರಿಲ್ಲದೆ ಹಿಂದಿರುಗಿದವು. "ಮನೇಲಿ ಹೆಂಡತಿ ಬೈದ್ರೂ ಈಗ ಯಾರಿಗೋ ಬೈತಿದ್ದಾಳೆ ಅನ್ಸುತ್ತೆ ಅಕ್ಕ," ಎಂದು ತಮ್ಮನು ನಗಿಸಿದನು. ಆಮೇಲೆ ಒಂದು ಲೋಟವೂ ಒಡೆಯಲಿಲ್ಲ.

ಹೀಗಿರಲು ಸಭಾಭವನವೊಂದಕ್ಕೆ ದೀಪದ ಗೋಳ ಬೇಕೆಂದು ಬೇಡಿಕೆ ಬಂದಿತು. ಮಗುವೊಂದು ಒಳಗೆ ಕೂರುವಷ್ಟು ದೊಡ್ಡದು. ಅಂದು ಗಾಜು ಅರ್ಧದಷ್ಟು ಉಬ್ಬಿದ್ದಾಗ ಎದೆಯ ಮೇಲೆ ಯಾರೋ ಮೊಣಕಾಲೂರಿ ಒತ್ತಿದಂತಾಯಿತು. ಒತ್ತಿದ್ದು ಮೂವರಿಗೂ, ಯಾರದೆಂದು ಪಟ್ಟಿ ಹೇಳುತ್ತಿರಲಿಲ್ಲ.

ತಮ್ಮನು ಗೊಳವೆಯಿಂದ ಬಾಯಿ ತೆಗೆದನು. "ಮಾವ, ಇವತ್ತು ಎದೆನೋವಿನ ಗುಳಿಗೆ ನುಂಗಿಲ್ವಾ?"

"ನುಂಗಿದ್ದೀನಪ್ಪಾ. ನನ್ನದು ಹೀಗೆ ಬರಲ್ಲ. ಅಕ್ಕ ಬೆಳಿಗ್ಗೆಯಿಂದ ಹೊಟ್ಟೆಗೆ ಏನೂ ಹಾಕಿಲ್ಲ, ಅವಳದ್ದೇ ಇರಬೇಕು."

ಮುದುಕ ತನ್ನ ಕಾಯಿಲೆಯನ್ನು ಆಕೆಯ ತಲೆಗೆ ಕಟ್ಟುತ್ತಿದ್ದಾನೆಂದು ಅಕ್ಕನಿಗೆ ರೇಗಿತು. "ಆಮೇಲೆ ಜಗಳ ಆಡೋಣ. ಗಾಜು ಜೋಲ್ತಾ ಇದೆ. ಊದೋ!"

ಅವನು ಊದಿದನು. ಒತ್ತಡವು ಎಡದೋಳಿಗಿಳಿಯಿತು, ದವಡೆಗೇರಿತು. ಅಕ್ಕನು ಅದನ್ನೂ ತಳ್ಳಿದಳು. ಅದರ ಹಿಂದೆ ಬಂದ ಭಯವನ್ನೂ, ಭಯದ ಹಿಂದೆ ಬಂದ ಇನ್ನೇನನ್ನೋ ಮುಖವೆತ್ತಿ ನೋಡದೆಯೇ ತಳ್ಳಿದಳು. ಅಷ್ಟು ಚೆನ್ನಾಗಿ ಆಕೆ ಎಂದೂ ಕೆಲಸ ಮಾಡಿರಲಿಲ್ಲ. ಗೋಳವು ಹುಣ್ಣಿಮೆಯ ಚಂದ್ರನಂತೆ ತುಂಬಿತು. ಮಾವನು ಕತ್ತರಿಸಿದನು, ಇಬ್ಬರೂ ಸೇರಿ ಅದನ್ನು ತಣಿಸುವ ಗೂಡಿನೊಳಗಿಟ್ಟು ಬಾಗಿಲು ಹಾಕಿದರು. ಆಗ ಎದೆ ಹಗುರವಾಗಿತ್ತು. ಹಗುರವಾಯಿತೆಂದು ಅಕ್ಕನು ಉಸಿರು ಬಿಟ್ಟು ತಿರುಗಿದಾಗ, ತಮ್ಮನು ಗೋಡೆಗೊರಗಿ ಕುಳಿತಿದ್ದನು. ಕಣ್ಣು ತೆರೆದೇ ಇತ್ತು.

ನೋವು ಕಾಣಿಸಿದ ಕೂಡಲೇ ಕರೆತಂದಿದ್ದರೆ ಉಳಿಸಬಹುದಾಗಿತ್ತೆಂದು ವೈದ್ಯರು ಹೇಳಿದರು. ಯಜಮಾನನು ಗೋಳವನ್ನು ಹುಲ್ಲಿನಲ್ಲಿ ಸುತ್ತಿ ಕಳುಹಿಸಿ, ತಮ್ಮನ ಪಟ್ಟಿಯನ್ನು ಒದ್ದೆಬಟ್ಟೆಯಿಂದ ಒರೆಸಿ ಹೊಸಬನೊಬ್ಬನ ಹಣೆಗೆ ಕಟ್ಟಿದನು. ಅಕ್ಕನು ತನ್ನದನ್ನು ಬಿಚ್ಚಿಟ್ಟು, ಸಾವಾದಾಗಿನಿಂದ ತಾನು ಕಾಲಿಡದೆ ತಪ್ಪಿಸಿಕೊಂಡಿದ್ದ ತಮ್ಮನ ಮನೆಗೆ ಹೋದಳು.

ತಮ್ಮನ ಹೆಂಡತಿ ಅವನ ಅಂಗಿಗಳನ್ನು ಮಡಿಸುತ್ತಿದ್ದಳು. ತಲೆಯೆತ್ತದೆ ಕೇಳಿದಳು. "ನಿಮಗೆ ಗೊತ್ತಾಗಲಿಲ್ವಾ ಅತ್ತಿಗೆ?"

"ಗೊತ್ತಾಯ್ತು."

"ಎಷ್ಟು?"

"ಪೂರ್ತಿ. ಮಾವಂದು ಅಂದ್ಕೊಂಡೆ."

"ಮಾವಂದಾಗಿದ್ರೆ ಪರವಾಗಿರಲಿಲ್ವಾ?"

ಇನ್ನೂ ಎರಡು ಅಂಗಿ ಮಡಿಸಿದ ಮೇಲೆ ತಮ್ಮನ ಹೆಂಡತಿ ಮತ್ತೆ ಕೇಳಿದಳು. "ಹೋಗ್ಲಿ. ಕೊನೇಲಿ ಅವರ ಮನಸ್ಸಲ್ಲಿ ಏನಿತ್ತು? ಅದನ್ನಾದ್ರೂ ಹೇಳಿ. ಆ ಮನಸ್ಸಿನೊಳಗೇ ಇದ್ದೋರು ನೀವು."

ನಿನ್ನನ್ನೇ ನೆನೆದನು ಎಂಬ ಮಾತು ಅಕ್ಕನ ನಾಲಿಗೆಯ ತುದಿಯವರೆಗೆ ಬಂದಿತು. ಹೇಳಿದ್ದರೆ ಒಂದು ಜೀವ ತಣ್ಣಗಾಗುತ್ತಿತ್ತೋ ಏನೋ. ಸತ್ತವನ ಹೆಸರಿನಲ್ಲಿ ಸುಳ್ಳಾಡಲು ಆಕೆಗೆ ಬಾಯಿ ಬರಲಿಲ್ಲ.

"ಗೊತ್ತಿಲ್ಲಮ್ಮ. ನಾನು ಆ ಕಡೆ ನೋಡ್ಲಿಲ್ಲ."

ಮಡಿಸುವ ಕೈ ನಿಂತಿತು. ದನಿಯಲ್ಲಿ ಕೋಪವಿರಲಿಲ್ಲ, ಇದ್ದಿದ್ದರೆ ಅಕ್ಕನು ತಾಳಿಕೊಳ್ಳುತ್ತಿದ್ದಳು.

"ಆವತ್ತು ಬೆಳಿಗ್ಗೆ ಚಪ್ಪಲಿ ಮೆಟ್ಟೋವಾಗ ಗೋಡೆ ಹಿಡ್ಕೊಂಡು ನಿಂತ್ಬಿಟ್ರು. ಯಾಕೋ ಸರಿಯಿಲ್ಲ, ಹೋಗ್ಬೇಡಿ ಅಂದೆ. ನಕ್ಕರು. 'ನನಗೇನಾದ್ರೂ ಆದ್ರೆ ನನಗಿಂತ ಮೊದಲು ಅಕ್ಕಂಗೆ ಗೊತ್ತಾಗುತ್ತೆ ಬಿಡೇ' ಅಂದು ಹೋದ್ರು."