ಮುಚ್ಚದೆ ಬಿಟ್ಟ ವೃತ್ತ

ಮಸ್ಕತ್ತಿನ ರೂವಿಯ ನಮ್ಮ ಆಫೀಸಿನಲ್ಲಿ ಮಂಗಳೂರು ಕಡೆಯ ನಕ್ಷೆಗಾರರೊಬ್ಬರಿದ್ದರು. ಉಳಿದವರೆಲ್ಲ ಕಂಪ್ಯೂಟರಿಗೆ ತಿರುಗಿದ ಮೇಲೂ ಅವರ ಕಿವಿಯ ಮೇಲೊಂದು ಪೆನ್ಸಿಲ್ ಇದ್ದೇ ಇರುತ್ತಿತ್ತು. ಯಾರು ಅವಸರ ಮಾಡಿದರೂ ಒಂದೇ ಮಾತು: "ಅಳತೆ ಕೊಡಿ, ಗೆರೆ ಎಳೀತೇನೆ."

ನಮ್ಮ ಮ್ಯಾನೇಜರ್ ಐರ್ಲೆಂಡಿನವನು. ರಜೆಗೆ ಹೋದಾಗಲೆಲ್ಲ ಅಲ್ಲಿನ ಪುರಾತನ ಕಲ್ಲುಕೋಟೆಗಳನ್ನು ಟೇಪು ಹಿಡಿದು ಅಳೆದು ಬರುತ್ತಿದ್ದ. ಆಫೀಸಿನ ಕೆಲಸ ಮುಗಿದ ಮೇಲೆ ಇವರು ಅವುಗಳ ನಕ್ಷೆ ಬರೆದುಕೊಡುತ್ತಿದ್ದರು. ಐರ್ಲೆಂಡನ್ನು ಕಣ್ಣಲ್ಲಿ ಕಾಣದಿದ್ದರೂ ಆ ಕೋಟೆಗಳ ಒಂದೊಂದು ಕಲ್ಲೂ ಇವರಿಗೆ ಗೊತ್ತಿತ್ತು.

ಒಮ್ಮೆ ದುಂಡನೆಯ ಕೋಟೆಯೊಂದರ ಗೋಡೆಯಲ್ಲಿ ಆರು ಅಡಿಯಷ್ಟು ಭಾಗದ ಅಳತೆ ಇರಲಿಲ್ಲ.

"ಅಲ್ಲಿ ಮುಳ್ಳುಪೊದೆ. ಗೋಡೆ ಹೇಗೂ ದುಂಡಗಿದೆ, ಸೇರಿಸಿಬಿಡು, ಖಲಾಸ್," ಎಂದ ಮ್ಯಾನೇಜರ್.

ನಕ್ಷೆ ಅಷ್ಟು ಜಾಗ ಖಾಲಿ ಬಿಟ್ಟುಕೊಂಡೇ ಅವನ ಮೇಜಿಗೆ ಹೋಯಿತು. ಅವನು ಸಿಡುಕಿದ. ಆ ತಿಂಗಳು ಇವರ ವೀಸಾ ನವೀಕರಣಕ್ಕೆ ಅವನದೇ ಸಹಿ ಬೇಕಿತ್ತು. "ಒಂದು ಗೆರೆ ತಾನೆ, ಎಳೆದುಬಿಡಿ," ಎಂದು ನಾನೂ ಹೇಳಿದೆ.

"ಅಳೆಯದ್ದನ್ನು ಎಳೆಯುವುದು ಹೇಗೆ ಮಾರಾಯ್ರೆ? ಆಗುವುದಿಲ್ಲ."

ಕೊನೆಯ ದಿನ ಸಹಿ ಬಂತು. ಗೆರೆ ಬರಲಿಲ್ಲ.

ಮುಂದಿನ ರಜೆ ಮುಗಿಸಿ ಬಂದ ಮ್ಯಾನೇಜರನ ತೋಳುಗಳ ತುಂಬ ಮುಳ್ಳು ಗೀರಿದ ಗುರುತು. ಸೀದಾ ಬಂದು ಇವರ ಮುಂದೊಂದು ಫೋಟೋ ಇಟ್ಟ. ಕಡಿದ ಪೊದೆಯ ಹಿಂದೆ ಗೋಡೆಯೇ ಇರಲಿಲ್ಲ. ಎರಡು ನಿಲುಗಲ್ಲುಗಳ ನಡುವೆ ಬಾಗಿಲಿತ್ತು.

"ಆಚೆ ಬದಿಯಲ್ಲಿ ಗೋಡೆ ಕುಸಿದ ಕಡೆಯನ್ನೇ ನಾನು ಇಷ್ಟು ದಿನ ಬಾಗಿಲೆಂದುಕೊಂಡಿದ್ದೆ," ಎಂದ.

ಇವರು ಫೋಟೋ ನೋಡಿದರು. ಕಿವಿಯಿಂದ ಪೆನ್ಸಿಲ್ ತೆಗೆದರು.

"ಚಂದ ಉಂಟು ಸರ್. ಅಳತೆ ಕೊಡಿ."